ಮಂಜಿನ ಕೋಟೆಯಲ್ಲಿ ಹದ್ದುಗಣ್ಣಯ್ಯ

ದೇವರು ಮನುಷ್ಯನಿಗೆ ಎರಡು ಕಣ್ಣು ಕೊಟ್ಟಿರುವುದು ನೋಡುವುದಕ್ಕೆ. ಅವುಗಳ ಬಗ್ಗೆ ಜಂಬ ಕೊಚ್ಚಿಕೊಳ್ಳಬೇಕೆಂದು ಅವನು ಯಾರಿಗೂ ಹೇಳಿದಂತಿಲ್ಲ. ಹದ್ದುಗಣ್ಣಯ್ಯನವರು ಕೊಚ್ಚಿಕೊಂಡರು. ಅದಕ್ಕಾಗಿ ಐದು ವಾರ ಅವರು ಪಟ್ಟ ಭಯವನ್ನು ನಾನು ಇಲ್ಲಿ ಕೂಡಿದ ಮಟ್ಟಿಗೆ ಗಂಭೀರವಾಗಿಯೇ ಹೇಳುತ್ತೇನೆ.

ಹದ್ದುಗಣ್ಣಯ್ಯ ಎನ್ನುವುದು ತಂದೆತಾಯಿ ಇಟ್ಟ ಹೆಸರಲ್ಲ, ಅಚ್ಚುಕೂಟದಲ್ಲಿ ಬಿದ್ದ ಹೆಸರು. ಮೂವತ್ತೆಂಟು ವರ್ಷ ಅವರು ಒಂದೇ ಅಚ್ಚುಕೂಟದ ಒಂದೇ ಕಿಟಕಿಯ ಪಕ್ಕದಲ್ಲಿ ಕೂತು ಕರಡು ತಿದ್ದಿದವರು. ಆ ಕೆಲಸಕ್ಕೆ ಇಬ್ಬರು ಬೇಕು. ಒಬ್ಬರು ಮೂಲಪ್ರತಿಯನ್ನು ಗಟ್ಟಿಯಾಗಿ ಓದಬೇಕು. ಇನ್ನೊಬ್ಬರು ಅಚ್ಚಾದ ಹಾಳೆಯ ಮೇಲೆ ಕಣ್ಣು ನೆಟ್ಟು ತಪ್ಪು ಹಿಡಿಯಬೇಕು. ಹಾಗೆ ಓದುವುದಕ್ಕೆ ಬಂದ ಹುಡುಗಿಯನ್ನೇ ಅವರು ಮದುವೆಯಾದರು. ಆಕೆ ಓದಿದರು, ಇವರು ತಿದ್ದಿದರು. ಸಂಸಾರವೂ ಹೆಚ್ಚುಕಡಿಮೆ ಹೀಗೆಯೇ ನಡೆಯಿತು. ಎರಡು ವರ್ಷದ ಹಿಂದೆ ಆಕೆ ತೀರಿಕೊಂಡರು. ಅದೇ ವರ್ಷ ಅಚ್ಚುಕೂಟವೂ ಬಾಗಿಲು ಹಾಕಿತು.

ಆಕೆ ಬಿಟ್ಟುಹೋದದ್ದರಲ್ಲಿ ಒಂದು ಪುಟ್ಟ ನೋಟುಪುಸ್ತಕವಿತ್ತು. ಅದರಲ್ಲಿ ಸಾಸಿವೆ ಕಾಳಿನಷ್ಟು ಸಣ್ಣ ಅಕ್ಷರದಲ್ಲಿ, ಆಕೆಯೇ ರಚಿಸಿ ಆಕೆಯೇ ಬರೆದ ಒಂದು ಪ್ರಾರ್ಥನೆ. ಆಕೆ ಇದ್ದಾಗಿನಿಂದಲೂ ಅವರು ಅದನ್ನು ದಿನಾ ಗಟ್ಟಿಯಾಗಿ ಹೇಳುತ್ತಿದ್ದರು. ಮೇಲೆ ‘ಹನ್ನೊಂದು ಸಾಲಿನ ಪ್ರಾರ್ಥನೆ’ ಎಂಬ ತಲೆಬರಹ. ಹದ್ದುಗಣ್ಣಯ್ಯನವರು ಎಷ್ಟು ಸಲ ಹೇಳಿದರೂ ಹತ್ತೇ ಸಾಲಾಗುತ್ತಿತ್ತು. ತಲೆಬರಹವನ್ನೂ ಸೇರಿಸಿ ಎಣಿಸಿರಬೇಕು ಪಾಪ, ಎಂದು ಅವರು ಹೆಂಡತಿಯ ಲೆಕ್ಕವನ್ನು ಕ್ಷಮಿಸಿದ್ದರು. ದಿನಾ ಬೆಳಿಗ್ಗೆ ಸ್ನಾನವಾದ ಮೇಲೆ ಆ ಪುಟ ತೆರೆದು, ಆ ಬರಹ ನೋಡಿದ ಮೇಲೆಯೇ ಅವರು ಬಾಯಿಗೆ ನೀರು ಹಾಕುತ್ತಿದ್ದುದು.

ಅಚ್ಚುಕೂಟ ಮುಚ್ಚಿದ ಮೇಲೆ ಸುಮ್ಮನೆ ಕೂರಲಾರದೆ ಅವರು ಕಂಪ್ಯೂಟರ್ ಆಟ ತಯಾರಿಸುವ ಒಂದು ಕಂಪನಿಗೆ ಹೋದರು. ಬೀಗ ರಿಪೇರಿ ಅಂಗಡಿಯ ಮೇಲೆ ಎರಡನೇ ಮಹಡಿಯಲ್ಲಿ ಅದರ ಆಫೀಸು. ಆಟದೊಳಗಿನ ಬರಹವನ್ನೆಲ್ಲ ಓದಿ ತಪ್ಪು ಹುಡುಕುವವರು ಬೇಕಾಗಿದ್ದರು. ಕಂಪನಿಯ ಯಜಮಾನಿ ಚುರುಕಾದ ಹೆಂಗಸು. ಕೇಳಿದ್ದು ಒಂದೇ ಪ್ರಶ್ನೆ.

“ಸಾರ್, ಇದು ಪರದೆ ಮುಂದೆ ಕೂತು ಮಾಡೋ ಕೆಲಸ. ಕನ್ನಡಕ ಹಾಕ್ತೀರಾ?”

ಬರೀ ಇಲ್ಲ ಎಂದು ಸುಮ್ಮನಾಗಿದ್ದರೆ ಈ ಕಥೆಯೇ ಹುಟ್ಟುತ್ತಿರಲಿಲ್ಲ. 

“ಮೇಡಂ, ಈ ಮೂಗಿರೋದು ಉಸಿರಾಡೋಕೆ. ಹೊರೆ ಹೊರೋಕಲ್ಲ,” ಎಂದರು ಹದ್ದುಗಣ್ಣಯ್ಯನವರು. “ನನಗೀಗ ಅರವತ್ತಾರು. ನಿಮ್ಮ ಬೆನ್ನ ಹಿಂದೆ ಕ್ಯಾಲೆಂಡರ್ ಇದೆಯಲ್ಲ, ಅದರ ತೀರಾ ಕೆಳಗೆ ಅಚ್ಚು ಹಾಕಿದವರ ಫೋನ್ ನಂಬರ್ ಇದೆ. ಹೇಳಲಾ?”

ಬೇಡ ಎನ್ನುವುದರೊಳಗೆ ಹೇಳಿಯೂಬಿಟ್ಟರು. ಯಜಮಾನಿ ಕುರ್ಚಿಯಿಂದ ಎದ್ದು ಹೋಗಿ ಕ್ಯಾಲೆಂಡರಿಗೆ ಮೂಗು ತಾಗಿಸಿ ನೋಡಿ ಬಂದಳು. “ನಾಳೆಯಿಂದ್ಲೇ ಬನ್ನಿ ಸಾರ್,” ಎಂದಳು.

ಮರುದಿನ ಅವರನ್ನು ಪರದೆಯ ಮುಂದೆ ಕೂರಿಸಿದರು. ಆಟದ ಹೆಸರು ‘ಮಂಜಿನ ಕೋಟೆ’. ಆಡುವವನು ಒಬ್ಬ ಕಾವಲುಗಾರ. ಮಂಜು ಮುಸುಕಿದ ಕೋಟೆಯೊಳಗೆ ದಾರಿ ತಪ್ಪಿದ್ದಾನೆ. ಕವಲು ದಾರಿಯಲ್ಲಿ ಫಲಕಗಳಿವೆ, ಗೋಡೆಗೆ ಅಂಟಿಸಿದ ಓಲೆಗಳಿವೆ. ಅವನ್ನು ಓದಿಕೊಂಡು ಅವನು ಪ್ರಾಣ ಉಳಿಸಿಕೊಳ್ಳಬೇಕು. ಅಕ್ಷರಗಳ ಆಕಾರ ಬರೆದವನು ಜುಟ್ಟು ಕಟ್ಟಿದ ಒಬ್ಬ ಚಿತ್ರಗಾರ. ಅವನು ಬಂದು ಬೆನ್ನ ಹಿಂದೆ ನಿಂತ. ಕಥೆ ಬರೆಯುವ ಹುಡುಗಿ ಬಂದು ಎಡಕ್ಕೆ ನಿಂತಳು. ಯಜಮಾನಿ ಬಲಕ್ಕೆ.

“ಹೇಗಿದೆ ಸಾರ್ ಅಕ್ಷರ?” ಎಂದ ಚಿತ್ರಗಾರ. “ಎಂಟು ತಿಂಗಳ ತಪಸ್ಸು. ಎಳೆ ನೋಡಿ, ಜೇಡರ ಬಲೆಗಿಂತ ತೆಳು! ಬಣ್ಣ ಬೂದಿ, ಹಿಂದೆ ಮಂಜೂ ಬೂದಿ. ಒಂದಕ್ಕೊಂದು ಕರಗಿಹೋಗ್ಬೇಕು. ಜೀವಂತವಾಗಿರ್ಲಿ ಅಂತ ಸ್ವಲ್ಪ ನಡುಗೋ ಹಾಗೂ ಮಾಡಿದ್ದೀನಿ.”

ಹದ್ದುಗಣ್ಣಯ್ಯನವರು ನೋಡಿದರು. ಮಂಜು ಕಂಡಿತು. ಕಣ್ಣು ಕಿರಿದು ಮಾಡಿ ನೋಡಿದರು. ಮಂಜಿನೊಳಗೆ ಇನ್ನಷ್ಟು ಮಂಜು ಕಂಡಿತು. ಬಾಗಿ ನೋಡಿದರು, ಹಿಂದೆ ಸರಿದು ನೋಡಿದರು. ನಿನ್ನೆ ತಾನೇ ಇದೇ ಕೋಣೆಯಲ್ಲಿ ಫೋನ್ ನಂಬರು ಓದಿದ ಮನುಷ್ಯ! ಮೂರು ಮುಖಗಳೂ ಅವರ ಬಾಯನ್ನೇ ಕಾಯುತ್ತಿದ್ದವು.

“ಮುತ್ತು ಪೋಣಿಸಿದ ಹಾಗಿದೆ,” ಎಂದರು.

“ಹೇಳ್ಲಿಲ್ವಾ ನಾನು!” ಎಂದ ಚಿತ್ರಗಾರ ಉಳಿದಿಬ್ಬರಿಗೆ. ಉಳಿದಿಬ್ಬರೂ ಜೋರಾಗಿ ತಲೆಯಾಡಿಸಿದರು.

ಎಲ್ಲರೂ ಹೋದ ಮೇಲೆ ಹದ್ದುಗಣ್ಣಯ್ಯನವರು ಕಾವಲುಗಾರನನ್ನು ನಡೆಸಿದರು. ಮೊದಲ ಕವಲಿನಲ್ಲಿ ಒಂದು ಫಲಕ. ಅದರ ಮೇಲೆ ಏನಿದೆಯೋ ಅದನ್ನು ಬರೆಸಿದವರೇ ಬಲ್ಲರು. ದೇವರ ಮೇಲೆ ಭಾರ ಹಾಕಿ ಎಡಕ್ಕೆ ತಿರುಗಿದರು. ನೆಲ ಬಾಯಿಬಿಟ್ಟಿತು. ಕಾವಲುಗಾರ ಕಿರುಚುತ್ತ ಪಾತಾಳಕ್ಕೆ ಹೋದ. ಆಗ ಪರದೆಯ ತುಂಬ, ಮೊಳದುದ್ದದ ಕೆಂಪು ಅಕ್ಷರದಲ್ಲಿ, ‘ನೀನು ಸತ್ತೆ’ ಎಂದು ಮೂಡಿತು.

ಅದನ್ನು ಮಾತ್ರ ಅವರು ಸರಾಗವಾಗಿ ಓದಿದರು. ತಮ್ಮ ಪಾಲಿಗೆ ಈ ಲೋಕದಲ್ಲಿ ಇನ್ನು ಉಳಿದಿರುವ ಓದು ಇಷ್ಟೇ ಎಂದು ಅವರಿಗೆ ಖಾತ್ರಿಯಾಯಿತು. 

ಅವರು ಕಥೆಯ ಹುಡುಗಿಯ ಮೇಜಿಗೆ ಹೋಗಿ ಮೆಲ್ಲಗೆ ಕೇಳಿದರು. “ಅಮ್ಮಾ, ಕಾಗದದ ಮೇಲೆ ಒಂದು ಮೂಲಪ್ರತಿ ಸಿಗುತ್ತಾ? ಹಳೇ ಅಭ್ಯಾಸ ನೋಡು.”

ಹುಡುಗಿ ಬಿಸಿ ಪಾತ್ರೆ ಮುಟ್ಟಿದವಳಂತೆ ಹಿಂದಕ್ಕೆ ಸರಿದಳು. “ಪ್ರತೀನಾ? ಪ್ರತಿ ಗಿತಿ ಏನೂ ಇಲ್ಲ ಸಾರ್. ನಾನು ನೇರ ಆಟದೊಳಗೇ ಬರೀತೀನಿ. ಯಾಕೆ, ಏನಾದ್ರೂ... ತಪ್ಪು ಕಾಣಿಸ್ತಾ?”

“ಏನೂ ಕಾಣಿಸ್ಲಿಲ್ಲ,” ಎಂದರು ಹದ್ದುಗಣ್ಣಯ್ಯನವರು. ಆ ದಿನ ಅವರು ಆಡಿದ ಒಂದೇ ಒಂದು ಸತ್ಯವಾಕ್ಯ ಅದು. ಹುಡುಗಿ ಯಾಕೋ ಉಸಿರು ಬಿಟ್ಟಳು.

ಪ್ರತಿಯೊಂದು ಫಲಕಕ್ಕೂ ಓಲೆಗೂ ಒಂದೊಂದು ಚೀಟಿ. ಚೀಟಿಯ ಕೆಳಗೆ ‘ಓದಿದೆ, ತಪ್ಪಿಲ್ಲ’ ಎಂದು ಬರೆದು ಸಹಿ ಹಾಕಬೇಕು. ಮೊದಲನೆಯ ಚೀಟಿಗೆ ಸಹಿ ಹಾಕುವಾಗ ಹದ್ದುಗಣ್ಣಯ್ಯನವರ ಕೈ ಬೆವರಿತು. ಇಪ್ಪತ್ತನೆಯದಕ್ಕೆ ಬರುವ ಹೊತ್ತಿಗೆ ಬೆವರುವುದಕ್ಕೂ ಅವರಲ್ಲಿ ತ್ರಾಣವಿರಲಿಲ್ಲ. 

ಆ ಮೊದಲ ದಿನವೇ ಸಂಜೆ ಮನೆಗೆ ಬಂದು ನೋಟುಪುಸ್ತಕ ತೆರೆದರು. ಹತ್ತು ಸಾಲನ್ನೂ ತಡವರಿಸದೆ ಓದಿದರು. ‘ಬದುಕಿದೆ!’ ಎಂದುಕೊಂಡು, ಯಾತಕ್ಕೂ ಇರಲಿ ಎಂದು ಕಣ್ಣು ಮುಚ್ಚಿ ಇನ್ನೊಮ್ಮೆ ಓದಿದರು. ಆಗಲೂ ಹತ್ತು ಸಾಲೂ ತಡವರಿಸದೆ ಬಂದವು. ಹದ್ದುಗಣ್ಣಯ್ಯನವರು ನೆಲದ ಮೇಲೆ ಕುಸಿದು ಕೂತರು. ಇಷ್ಟು ದಿನ ತಾನು ಓದಿದ್ದು ಕಣ್ಣಿಂದಲೋ ಬಾಯಿಪಾಠದಿಂದಲೋ? ಪುಟವನ್ನು ಮತ್ತೆ ನೋಡೋಣವೆಂದರೆ ಭಯದ ನೀರು ತುಂಬಿ ಅಕ್ಷರಗಳೆಲ್ಲ ಈಜಾಡತೊಡಗಿದವು. ಕಣ್ಣು ಹೋದರೆ ಕೆಲಸ ಹೋಗುತ್ತದೆ, ಹೋಗಲಿ. ಆದರೆ ಈ ಬರಹ ಇನ್ನು ನೋಡಲು ಸಿಗದು. ಆಕೆಯ ದನಿ ಆಗಲೇ ಹೋಯಿತು. ಕೈಬರಹವೂ ಹೋದರೆ ಉಳಿಯುವುದೇನು?

ನೋಟುಪುಸ್ತಕವನ್ನು ಬಟ್ಟೆಯಲ್ಲಿ ಸುತ್ತಿ ಕಪಾಟಿನಲ್ಲಿಟ್ಟರು. ಉಳಿದಿರುವ ನೋಟವನ್ನು ದಿನಾ ಖರ್ಚು ಮಾಡಿ ಕಳೆಯಬಾರದೆಂದು ಅವರ ಉಪಾಯ. ಅಂದಿನಿಂದ ಪ್ರಾರ್ಥನೆ ಕಣ್ಣು ಮುಚ್ಚಿಯೇ ನಡೆಯಿತು. 

ಮಾಡುವ ಕೆಲಸವನ್ನು ಮೊದಲೇ ಸಿದ್ಧಮಾಡಿಕೊಳ್ಳುವುದು ಅವರ ಸ್ವಭಾವ. ಕುರುಡಾಗುವುದನ್ನೂ ಹಾಗೆಯೇ ಆರಂಭಿಸಿದರು. ಬಾಗಿಲಿಂದ ನಲ್ಲಿಗೆ ಒಂಬತ್ತು ಹೆಜ್ಜೆ. ನಲ್ಲಿಯಿಂದ ಮೆಟ್ಟಿಲಿಗೆ ಐದು. ಮೆಟ್ಟಿಲಿಳಿದು ಬಲಕ್ಕೆ ಹದಿಮೂರು ಇಟ್ಟರೆ ಬೀದಿಯ ದೀಪದ ಕಂಬ. ಭಾನುವಾರ ಬೆಳಗ್ಗೆ ಕಣ್ಣು ಬಿಗಿಯಾಗಿ ಮುಚ್ಚಿ, ಕೈ ಮುಂದೆ ಚಾಚಿ, ಹೆಜ್ಜೆ ಎಣಿಸುತ್ತ ಹೊರಟರು. ಮೆಟ್ಟಿಲಿಳಿದ ಮೇಲೆ ಎಂಟನೆಯ ಹೆಜ್ಜೆಯ ಹತ್ತಿರ ಲೆಕ್ಕ ತಪ್ಪಿ, ಬೀದಿ ದಾಟಿ ಎಲ್ಲಿಗೋ ನುಗ್ಗಿದರು. ಎದುರಿಗೆ ಒಬ್ಬರ ಎದೆ ಕೈಗೆ ತಗುಲಿತು.

“ಕ್ಷಮಿಸಿ ತಾಯಿ! ನೋಡ್ಲಿಲ್ಲ,” ಎಂದು ಕೈ ಹಿಂದೆಗೆದರು. ಉತ್ತರವಿಲ್ಲ. “ತಾಯಿ, ಬೈದಾದ್ರೂ ಬೈದುಬಿಡಿ. ಹೀಗೆ ಸುಮ್ಮನೆ ನಿಲ್ಬೇಡಿ.”

“ಅದು ಬೈಯಲ್ಲ ಸಾರ್. ಮರದ್ದು. ಕೋಟು ತೊಡಿಸೋ ಬೊಂಬೆ,” ಎಂದಿತು ಇನ್ನೊಂದು ದನಿ. ಕಣ್ಣು ಬಿಟ್ಟರೆ ಎದುರು ಮನೆಯ ದರ್ಜಿಯ ಅಂಗಡಿ. ದರ್ಜಿ ಕತ್ತರಿ ಹಿಡಿದು ಬಾಯಿ ತೆರೆದು ನಿಂತಿದ್ದ. “ಸಾರ್... ಎಷ್ಟು ದಿನದಿಂದ ಹೀಗೆ?”

“ಯಾರಿಗೂ ಹೇಳ್ಬೇಡ ಮಾರಾಯ,” ಎಂದರು ಹದ್ದುಗಣ್ಣಯ್ಯನವರು.

ದರ್ಜಿ ಮಾತು ಉಳಿಸಿಕೊಳ್ಳುವವನು. ಯಾರಿಗೂ ಹೇಳಲಿಲ್ಲ, ಬಂದಬಂದವರ ಅಳತೆ ತೆಗೆಯುವಾಗ ಸುಮ್ಮನೆ ನಿಟ್ಟುಸಿರು ಬಿಟ್ಟು, ಎದುರು ಮನೆಯತ್ತ ನೋಡಿ, ತನ್ನ ಕಣ್ಣನ್ನು ಒರೆಸಿಕೊಂಡ. ಅಷ್ಟರಿಂದಲೇ ಮಧ್ಯಾಹ್ನದೊಳಗೆ ಬೀದಿಗೆಲ್ಲ ಗೊತ್ತಾಯಿತು.

ಆಮೇಲೆ ಶುರುವಾಯಿತು ಕರುಣೆಯ ಹಾವಳಿ. ಅವರು ಬಸ್ಸಿಗೆ ಕಾಯುತ್ತ ನಿಂತರೆ ಯಾರೋ ಬಂದು ತೋಳು ಹಿಡಿದು ರಸ್ತೆ ದಾಟಿಸಿಬಿಡುವರು. ದಾಟಬೇಕಿರಲಿಲ್ಲ ಎನ್ನುವುದರೊಳಗೆ ಇನ್ನೊಬ್ಬರು ಬಂದು ಮರಳಿ ದಾಟಿಸುವರು. ಹೀಗೆ ಒಂದು ದಿನ ನಾಲ್ಕು ಸಲ ದಾಟಿ, ಬಸ್ಸು ತಪ್ಪಿ, ಆಫೀಸಿಗೆ ತಡವಾಯಿತು. ಸಂಬಂಧಿಕರು ಬಂದರು. ಒಬ್ಬ ದೊಡ್ಡಪ್ಪನ ಮಗ ಬೆತ್ತ ತಂದ. ಕಣ್ಣು ಹೋಗುವವರಿಗೆ ಕಿವಿಯೂ ಕೇಳಿಸದೆಂದು ಅವನಿಗೆ ಯಾರು ಹೇಳಿದರೋ, ಬಾಯಿಯನ್ನು ಕಿವಿಯ ಹತ್ತಿರ ತಂದು, “ಅಣ್ಣಾ! ಇದು ಕೋಲು! ಕೋ-ಲು!” ಎಂದು ಕೂಗಿದ. 

ಕೆಳಗಿನ ಮನೆಯಲ್ಲಿದ್ದ ತಂಗಿ ಮಾತ್ರ ಅಳುವವಳಲ್ಲ, ಜಗಳ ಮಾಡುವವಳು. ಸೊಂಟಕ್ಕೆ ಕೈಯಿಟ್ಟು ಬಾಗಿಲಲ್ಲಿ ನಿಂತಳು.

“ಏನಣ್ಣ ಇದು? ಊರಿಗೆಲ್ಲ ಗೊತ್ತು, ಒಡಹುಟ್ಟಿದವಳಿಗೆ ದರ್ಜಿ ಹೇಳ್ಬೇಕಾ? ನಾಳೆ ಕಣ್ಣಿನ ಡಾಕ್ಟ್ರ ಹತ್ರ ನಡಿ.”

“ಡಾಕ್ಟ್ರು ಬೇಡ ಕಣೇ. ಕಣ್ಣು ಹೋಗಿದೆ ಅಂತ ಬರೆದು ಕೊಟ್ಟುಬಿಡ್ತಾರೆ. ಆಫೀಸಿಗೆ ತಿಳಿದರೆ? ಮೂವತ್ತು ಚೀಟಿಗೆ ಸಹಿ ಹಾಕಿದ್ದೀನಿ!”

“ಸಹಿ ಹಾಕೋಕೆ ಕಣ್ಣು ಕಾಣುತ್ತೆ, ನನ್ನ ಮುಖ ಕಾಣಲ್ವಾ? ನಡಿ ಅಂದ್ರೆ ನಡಿ. ಅತ್ತಿಗೆ ಇದ್ದಿದ್ರೆ ಕಿವಿ ಹಿಡಿದು ಕರ್ಕೊಂಡು ಹೋಗ್ತಿದ್ರು.”

ಅತ್ತಿಗೆಯ ಹೆಸರು ಬಂದ ಮೇಲೆ ಅವರು ಎದುರಾಡಲಿಲ್ಲ. ಆದರೆ ಸಂಜೆ ಕದ್ದುಮುಚ್ಚಿ ದರ್ಜಿಯ ಅಂಗಡಿಗೆ ಹೋದರು. ದರ್ಜಿ ಅತ್ತ ಇತ್ತ ನೋಡಿ ಅಳತೆಯ ಪುಸ್ತಕದೊಳಗಿಂದ ಒಂದು ಚೀಟಿ ತೆಗೆದ.

“ಡಾಕ್ಟರಮ್ಮನ ಗೋಡೆ ಮೇಲಿರೋ ಅಕ್ಷರವೆಲ್ಲ ಇದರಲ್ಲಿದೆ ಸಾರ್. ಮೇಲಿಂದ ಕೆಳಗಿನವರೆಗೂ. ಬಾಯಿಪಾಠ ಮಾಡ್ಕೊಳ್ಳಿ. ಏಳು ವರ್ಷದಿಂದ ನಾನು ಪಾಸಾಗ್ತಾ ಇರೋದು ಇದರಿಂದ್ಲೇ.”

ತಮ್ಮ ಪ್ಯಾಂಟಿನ ಒಂದು ಕಾಲು ಏಳು ವರ್ಷದಿಂದ ಇನ್ನೊಂದಕ್ಕಿಂತ ಎರಡು ಬೆರಳು ಗಿಡ್ಡ ಏಕೆಂದು ಹದ್ದುಗಣ್ಣಯ್ಯನವರಿಗೆ ಈಗ ತಿಳಿಯಿತು. ಆದರೆ ಅದು ದೂರುವ ಹೊತ್ತಲ್ಲ. ಮನೆಗೆ ಬಂದು, “ಗ, ಪ, ರ, ಬ. ನ, ವ, ಯ, ಸ, ದ,” ಎಂದು ಮಂತ್ರದಂತೆ ಜಪಿಸಿದರು.

ಡಾಕ್ಟರಮ್ಮ ದಪ್ಪ ಕನ್ನಡಕದ ಸಮಾಧಾನದ ಹೆಂಗಸು. ಗೋಡೆಯ ಹಾಳೆಯತ್ತ ಕೋಲು ತೋರಿಸಿ, “ಎಲ್ಲಿವರೆಗೆ ಕಾಣುತ್ತೋ ಅಲ್ಲಿವರೆಗೆ ಓದಿ,” ಎಂದರು. ಹದ್ದುಗಣ್ಣಯ್ಯನವರು ಉಸಿರು ಬಿಡದೆ ಮೇಲಿಂದ ಕೆಳಗಿನವರೆಗೆ ಒಪ್ಪಿಸಿದರು. ಒಪ್ಪಿಸಿದ ವೇಗಕ್ಕೆ ಡಾಕ್ಟರಮ್ಮನ ಕೋಲು ಎರಡು ಸಾಲು ಹಿಂದುಳಿಯಿತು.

“ಮುಗೀತಾ?” ಎಂದರು ಡಾಕ್ಟರಮ್ಮ.

“ಮುಗೀತು. ಆದ್ರೆ ಡಾಕ್ಟ್ರಮ್ಮ, ಇದನ್ನ ಅಚ್ಚು ಹಾಕಿದವರು ಶುದ್ಧ ದಡ್ಡರು. ತೀರಾ ಕೆಳಗಿನ ಮೂಲೆಯಲ್ಲಿ ತಮ್ಮ ಪ್ರೆಸ್ಸಿನ ವಿಳಾಸವನ್ನೇ ಎರಡು ಸಲ ಹಾಕ್ಕೊಂಡಿದ್ದಾರೆ. ನಮ್ಮ ಕಾಲದಲ್ಲಿ ಹೀಗಾಗಿದ್ರೆ ಅಚ್ಚಿನ ಮೊಳೆ ತಲೆ ಮೇಲೆ ಬೀಳ್ತಿತ್ತು.”

ಡಾಕ್ಟರಮ್ಮ ಎದ್ದರು. ಗೋಡೆಯ ಹತ್ತಿರ ಹೋದರು. ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡು, ಕಡೆಗೆ ಭೂತಗನ್ನಡಿ ತಂದು, ಬಗ್ಗಿ ನೋಡಿದರು. “ಹದಿನಾಲ್ಕು ವರ್ಷದಿಂದ ಈ ಹಾಳೆ ಇಲ್ಲೇ ನೇತಾಡ್ತಿದೆ,” ಎಂದರು ನಿಧಾನವಾಗಿ. ದೀಪ ಹಿಡಿದು ಕಣ್ಣಿನ ಒಳಗೆಲ್ಲ ಇಣುಕಿ ಆದ ಮೇಲೆ ತಂಗಿಯ ಕಡೆ ತಿರುಗಿದರು. “ನಿಮ್ಮಣ್ಣನ ಕಣ್ಣಿಗೆ ಏನೂ ಆಗಿಲ್ಲಮ್ಮ. ಬೇಕಾದ್ರೆ ನನ್ನ ಕಣ್ಣು ಕೊಟ್ಟು ಅವರದ್ದು ಇಸ್ಕೋತೀನಿ.”

ತಂಗಿಗೆ ಹೋದ ಜೀವ ಬಂತು. ಹದ್ದುಗಣ್ಣಯ್ಯನವರಿಗೆ ಇದ್ದ ಜೀವವೂ ಹೋಯಿತು. ಭಯ ಹತ್ತಿದ ಮನುಷ್ಯನ ತರ್ಕವೇ ಬೇರೆ. ಮೂಲೆಯ ವಿಳಾಸ ದರ್ಜಿಯ ಚೀಟಿಯಲ್ಲಿ ಇರಲಿಲ್ಲ ಎಂಬ ಸಂಗತಿ ಅವರ ತಲೆಗೆ ಹೊಳೆಯಲೇ ಇಲ್ಲ. ‘ಡಾಕ್ಟರಿಗೂ ಮೋಸ ಮಾಡಿದೆ. ಇನ್ನು ನನಗೆ ಔಷಧಿ ಕೊಡುವವರು ಈ ಭೂಮಿಯ ಮೇಲೆ ಯಾರೂ ಇಲ್ಲ’ ಎಂದುಕೊಂಡು ತಂಗಿಯ ಹಿಂದೆ ಮೆಟ್ಟಿಲಿಳಿದರು.

ಮುಂದಿನ ಸೋಮವಾರ ಆಟಕ್ಕೆ ಪ್ರಮಾಣಪತ್ರ ಕೊಡುವ ಅಧಿಕಾರಿ ಆಫೀಸಿಗೆ ಬಂದರು. ಮಡಿಸಿದ ಕೊಡೆಯಂತೆ ನೆಟ್ಟಗಿದ್ದ ಮನುಷ್ಯ. ಆಟ ಅವರಿಗೆ ಒಪ್ಪಿಗೆಯಾದರೆ ಕಂಪನಿ ಉಳಿಯುತ್ತದೆ, ಇಲ್ಲದಿದ್ದರೆ ಕೆಳಗಿನ ಬೀಗದ ಅಂಗಡಿಯಿಂದ ಒಂದು ಬೀಗ ತಂದು ಬಾಗಿಲಿಗೆ ಹಾಕುವುದಷ್ಟೇ ಕೆಲಸ. ಗೋಡೆಯ ಮೇಲೆ ದೊಡ್ಡ ಪರದೆ. ಎಲ್ಲರೂ ಉಸಿರು ಹಿಡಿದು ಕೂತಿದ್ದರು. ‘ಅಣ್ಣನ ಪ್ರತಾಪ ನೋಡೋಣ’ ಎಂದು ತಂಗಿಯೂ ಬಂದು ಹಿಂದಿನ ಸಾಲಿನಲ್ಲಿ ಕೂತಿದ್ದಳು.

ಅಧಿಕಾರಿ ಆಡತೊಡಗಿದರು. ಮೊದಲ ಕವಲು. ಎಡಕ್ಕೆ ತಿರುಗಿದರು. ಕಿರುಚಾಟ. ‘ನೀನು ಸತ್ತೆ.’ ಬಲಕ್ಕೆ ತಿರುಗಿದರು. ಮೇಲಿಂದ ಬಂಡೆ ಬಿತ್ತು. ‘ನೀನು ಸತ್ತೆ.’ ನೇರ ಹೋದರು. ‘ನೀನು ಸತ್ತೆ.’ ಹದಿನೇಳನೆಯ ಸಲ ಸತ್ತ ಮೇಲೆ ಅವರು ಬೆವರು ಒರೆಸಿಕೊಂಡರು.

“ಆಟ ಬಹಳ ಕಠಿಣ,” ಎಂದರು.

“ಅದೇ ಇದರ ಹೆಗ್ಗಳಿಕೆ ಸಾರ್!” ಎಂದಳು ಯಜಮಾನಿ. “ಇವತ್ತಿನವರೆಗೂ ಮೊದಲ ಕವಲು ದಾಟಿದವರು ಒಬ್ರೂ ಇಲ್ಲ.”

“ಹೌದಾ? ಅಲ್ಲೊಂದು ಫಲಕ ಇದೆಯಲ್ಲ, ಅದರಲ್ಲಿ ಏನು ಬರೆದಿದೆ?”

ಯಜಮಾನಿ ಚಿತ್ರಗಾರನ ಕಡೆ ನೋಡಿದಳು. ಚಿತ್ರಗಾರ ಕಥೆಯ ಹುಡುಗಿಯ ಕಡೆ ನೋಡಿದ. ಹುಡುಗಿ ತನ್ನ ಚಪ್ಪಲಿ ನೋಡಿಕೊಂಡಳು. 

“ನಮ್ಮ ಹದ್ದುಗಣ್ಣಯ್ಯನವರು ಓದ್ತಾರೆ ಸಾರ್,” ಎಂದಳು ಯಜಮಾನಿ. “ಅಷ್ಟು ದೂರದಿಂದ್ಲೇ ಓದ್ತಾರೆ. ನೋಡ್ತಾ ಇರಿ.”

ಹದ್ದುಗಣ್ಣಯ್ಯನವರು ಎದ್ದು ನಿಂತರು. ಪರದೆಯ ಮೇಲೆ ಬೂದಿ ಹೊರಳುತ್ತಿತ್ತು. ಕಣ್ಣು ತಾನಾಗಿ ಮುಚ್ಚಿತು. ಕಣ್ಣು ಮುಚ್ಚಿದೊಡನೆ ಐದು ವಾರದ ಅಭ್ಯಾಸದಂತೆ ಬಾಯಿಂದ ತಾನಾಗಿ ಹೊರಟಿತು:

“ಒಡೆಯನೇ, ಈ ದಿನವನ್ನು ನಿನ್ನ ಕೈಯಿಂದ ತೆಗೆದುಕೊಂಡೆ. ಮನೆಯ ಹೊಸ್ತಿಲನ್ನು ನೀನೇ ಕಾಯಿ...”

ಒಂದೊಂದೇ ಸಾಲು ಹೇಳುತ್ತ ಹೋದರು. ಚಿತ್ರಗಾರ, ತಾನು ಬರೆದ ಅಕ್ಷರವನ್ನು ಗುರುತಿಸಿದವನಂತೆ, ಪ್ರತಿ ಸಾಲಿಗೂ ತಲೆದೂಗಿದ. ಯಜಮಾನಿ ಪರದೆಯ ಮೇಲೆ ಬೆರಳಾಡಿಸುತ್ತ ಅವರ ಜೊತೆಜೊತೆಗೆ ಓದಿದಳು. ಅಧಿಕಾರಿ ಕೈ ಜೋಡಿಸಿದರು. “ಹೌದು ಹೌದು, ಈಗ ಕಾಣಿಸ್ತಿದೆ,” ಎಂದೂ ಎಂದರು. ತಂಗಿ ಮಾತ್ರ ಹುಬ್ಬು ಗಂಟಿಕ್ಕಿ ಕೂತಿದ್ದಳು.

ಹತ್ತನೆಯ ಸಾಲು ಮುಗಿಯಿತು. ಎಲ್ಲರೂ ಇನ್ನೂ ಕಾಯುತ್ತಿದ್ದರು. ಫಲಕ ಸಾಕಷ್ಟು ದೊಡ್ಡದಿತ್ತು. ಹದ್ದುಗಣ್ಣಯ್ಯನವರ ಬೊಕ್ಕಸದಲ್ಲಿ ಬಾಯಿಪಾಠವೆಂದು ಉಳಿದಿದ್ದುದು ಇನ್ನೊಂದೇ. 

“ಗ, ಪ, ರ, ಬ,” ಎಂದರು ಭಕ್ತಿಯಿಂದ. “ನ, ವ, ಯ, ಸ, ದ.”

ಅಧಿಕಾರಿ ಜೋಡಿಸಿದ ಕೈ ಬಿಟ್ಟರು. “ಇದೇನಿದು?”

“ಗುಪ್ತ ಸಂಕೇತ ಸಾರ್!” ಎಂದಳು ಯಜಮಾನಿ ತಕ್ಷಣ. “ಬಿಡಿಸಿದವರಿಗೆ ಬಾಗಿಲು ತೆರೆಯುತ್ತೆ.”

“ರೀ!” ಎಂದು ಹಿಂದಿನ ಸಾಲಿನಿಂದ ತಂಗಿ ಎದ್ದಳು. “ಯಾವ ಸಂಕೇತ? ಅದು ಡಾಕ್ಟರಮ್ಮನ ಗೋಡೆ! ಮೊದ್ಲು ಹೇಳಿದ್ದು ನಮ್ಮತ್ತಿಗೆಯ ಪ್ರಾರ್ಥನೆ! ಅಣ್ಣಾ, ಏನಾಗಿದೆ ನಿನಗೆ?”

ಹದ್ದುಗಣ್ಣಯ್ಯನವರು ಕುರ್ಚಿಯ ಬೆನ್ನು ಹಿಡಿದುಕೊಂಡರು. ಮೂವತ್ತೆಂಟು ವರ್ಷದ ಜಂಬ ಒಂದೇ ಉಸಿರಿಗೆ ಇಳಿದುಹೋಯಿತು.

“ಕಾಣಿಸ್ತಿಲ್ಲ,” ಎಂದರು. “ಮೊದಲ ದಿನದಿಂದ್ಲೂ ನನಗೆ ಏನೂ ಕಾಣಿಸ್ತಿಲ್ಲ. ಕಣ್ಣು ಹೋಗಿದೆ. ಸಹಿ ಹಾಕಿದ್ದೆಲ್ಲ ಸುಳ್ಳು. ಡಾಕ್ಟರಮ್ಮನಿಗೂ ಮೋಸ ಮಾಡ್ದೆ. ಕ್ಷಮಿಸಿ ಎಲ್ರೂ.”

ಕೆಳಗಿನ ಅಂಗಡಿಯಲ್ಲಿ ಯಾರೋ ಬೀಗಕ್ಕೆ ಸುತ್ತಿಗೆಯಿಂದ ಬಡಿಯುವುದು ಕೇಳಿಸುತ್ತಿತ್ತು. 

ಕೆಮ್ಮಿದವರು ಅಧಿಕಾರಿ. “ನಿಜ ಹೇಳ್ಬೇಕಂದ್ರೆ,” ಎಂದರು, ಟೇಬಲ್ಲಿನ ಮೇಲಿದ್ದ ನೀರಿನ ಲೋಟಕ್ಕೆ, “ನನಗೂ ಕಾಣಿಸ್ತಿಲ್ಲ.”

“ಈಗ ತಾನೇ ಕಾಣಿಸ್ತಿದೆ ಅಂದ್ರಿ!” ಎಂದಳು ತಂಗಿ.

“ಪ್ರಾರ್ಥನೆ ಚೆನ್ನಾಗಿತ್ತಮ್ಮ. ಇಲ್ಲ ಅನ್ನೋಕೆ ಮನಸ್ಸು ಬರ್ಲಿಲ್ಲ.”

“ನನಗೆ... ಬೆಳಕು ಸರಿಯಿದ್ರೆ ಸ್ವಲ್ಪ...” ಎಂದು ಶುರುಮಾಡಿದ ಯಜಮಾನಿ, ತಂಗಿಯ ಮುಖ ನೋಡಿ, “ಇಲ್ಲ. ನನಗೂ ಇಲ್ಲ. ಕಲೆ ಇರಬೇಕು ಅಂತ ಸುಮ್ನಿದ್ದೆ,” ಎಂದಳು. ಎಲ್ಲರೂ ಚಿತ್ರಗಾರನ ಕಡೆ ತಿರುಗಿದರು. ಅವನ ಜುಟ್ಟು ಸಹ ಬಾಡಿತ್ತು. “ನಾನು ಬರೆದಿದ್ದಲ್ವಾ,” ಎಂದ ಸಣ್ಣ ದನಿಯಲ್ಲಿ. “ಬರೆಯುವಾಗ ಬಿಳಿ ಹಾಳೆ ಮೇಲೆ ಒಂದೊಂದೇ ಅಕ್ಷರ ದೊಡ್ಡದಾಗಿ ಬರೀತೀನಿ. ಆಗ ಕಂಡಿತ್ತು. ಮಂಜು ಹಾಕಿದ ಮೇಲೆ ನೋಡ್ಲೇ ಇಲ್ಲ. ಸಾರ್ ಮುತ್ತು ಅಂದ್ರಲ್ಲ!”

ಹದ್ದುಗಣ್ಣಯ್ಯನವರು ಒಬ್ಬೊಬ್ಬರನ್ನೇ ನೋಡಿದರು. ಇಷ್ಟು ಜನರೂ ಒಟ್ಟಿಗೆ ಕುರುಡಾಗಲು ಸಾಧ್ಯವೇ ಎಂಬ ಹೊಸ ಭಯ ಒಂದು ಗಳಿಗೆ ಹುಟ್ಟಿ ಸತ್ತಿತು. ನಂತರ ಎಷ್ಟೋ ದಿನಗಳ ಮೇಲೆ ಅವರೊಳಗಿನ ಕರಡು ತಿದ್ದುವವ ಎದ್ದು ಕೂತ.

“ಏಯ್ ಜುಟ್ಟಪ್ಪ, ಬಾ ಇಲ್ಲಿ,” ಎಂದರು. “ಆ ನಡುಕ ಮೊದ್ಲು ನಿಲ್ಲಿಸು. ಅಕ್ಷರಕ್ಕೇನು ಚಳಿಜ್ವರವಾ? ಎಳೆ ದಪ್ಪ ಮಾಡು. ಇನ್ನೂ. ಹಿಂದೆ ಒಂದು ಕಪ್ಪು ಪಟ್ಟಿ ಹಾಕು, ಮಂಜು ಅದರ ಆಚೆ ಓಡಾಡಿಕೊಂಡಿರ್ಲಿ. ಈಗ ಅಕ್ಷರ ಬೆಳ್ಳಗೆ ಮಾಡು. ಸಾಲಿಗೂ ಸಾಲಿಗೂ ಮಧ್ಯೆ ಉಸಿರಾಡೋಷ್ಟು ಜಾಗ ಬಿಡು. ಗಾತ್ರ ಒಂದೇ ಯಾಕೆ? ಸಣ್ಣ, ದೊಡ್ಡ, ಇನ್ನೂ ದೊಡ್ಡ ಅಂತ ಮೂರು ಇಡು. ಅವರವರ ಕಣ್ಣಿಗೆ ಬೇಕಾದ್ದನ್ನ ಅವರವರು ಆರಿಸ್ಕೋತಾರೆ.”

ಚಿತ್ರಗಾರ ಕಣ್ಣೀರು ಒರೆಸಿಕೊಳ್ಳುತ್ತ ಒಂದೊಂದೇ ಮಾಡಿದ. ಕಪ್ಪು ಪಟ್ಟಿ ಬಿದ್ದದ್ದೇ ತಡ, ಮಂಜಿನ ಕೋಟೆಯ ಫಲಕದ ಮೇಲೆ ಅಕ್ಷರಗಳು ತೊಳೆದಿಟ್ಟ ಪಾತ್ರೆಯಂತೆ ಫಳಫಳ ಹೊಳೆದವು. “ಅಯ್ಯೋ ಬೇಡ!” ಎಂದು ಕಥೆಯ ಹುಡುಗಿ ಮುಖ ಮುಚ್ಚಿಕೊಂಡಳು. ಆದರೆ ಹದ್ದುಗಣ್ಣಯ್ಯನವರು ಕೋಣೆಯ ಕಟ್ಟಕಡೆಗೆ, ತಂಗಿಯ ಪಕ್ಕಕ್ಕೆ ಹೋಗಿ ನಿಂತು, ಕನ್ನಡಕವಿಲ್ಲದೆ, ಗಟ್ಟಿಯಾಗಿ ಓದಿಯೇಬಿಟ್ಟರು:

“‘ಪ್ರೀತಿಯ ಸೋದರತ್ತೆಗೆ, ನೀವು ಹೆಣೆದು ಕಳಿಸಿದ ಸ್ವೆಟರು ನನಗೆ ಬಿಗಿಯಾಯಿತು, ಪಕ್ಕದ ಮನೆಯ ನಾಯಿಗೆ ಸರಿಯಾಗಿದೆ. ಇಲ್ಲಿ ಕಾವಲುಗಾರನನ್ನು ಯಾವ ಕಡೆ ಕಳಿಸುವುದೆಂದು ನನಗಿನ್ನೂ ಹೊಳೆದಿಲ್ಲ. ಹೇಗೂ ಯಾರೂ ಓದುವುದಿಲ್ಲ...’”

ಅಧಿಕಾರಿ ಯಜಮಾನಿಯ ಕಡೆ ನೋಡಿದರು. ಯಜಮಾನಿ ಹುಡುಗಿಯ ಕಡೆ ನೋಡಿದಳು.

“ಜಾಗ ತುಂಬೋಕೆ ಅಂತ ಹಾಕಿದ್ದೆ ಮೇಡಂ,” ಎಂದಳು ಹುಡುಗಿ ಬೆರಳ ಸಂದಿಯಿಂದ. “ಆಮೇಲೆ ಸರಿಯಾದ್ದು ಬರೀಬೇಕು ಅಂತಿದ್ದೆ. ನೀವು ಅದ್ಭುತ ಅಂದ್ರಿ. ಸಾರ್ ತಪ್ಪಿಲ್ಲ ಅಂತ ಸಹಿ ಹಾಕಿದ್ರು. ನನಗೇ ಅನುಮಾನ ಬಂತು, ಚೆನ್ನಾಗಿದೆಯೇನೋ ಅಂತ.”

ಮೂವತ್ತೆರಡು ಚೀಟಿಗಳು ಮೇಜಿನ ಮೇಲಿದ್ದವು. ಮೂವತ್ತೆರಡರ ಮೇಲೂ ಹದ್ದುಗಣ್ಣಯ್ಯನವರ ಸ್ಫುಟವಾದ ಸಹಿ. ಅಧಿಕಾರಿ ಒಂದೊಂದನ್ನೇ ತಿರುವಿ ನೋಡಿ, ತುಟಿ ಕಚ್ಚಿ, ಎದ್ದರು. ಒಂದು ತಿಂಗಳ ವಾಯಿದೆ ಕೊಟ್ಟರು. ಬಾಗಿಲಲ್ಲಿ ನಿಂತು, “ಆ ಪ್ರಾರ್ಥನೆ ಒಂದು ಕಡೆ ಇದ್ರೆ ಅಡ್ಡಿಯಿಲ್ಲ,” ಎಂದು ಹೇಳಿ ಹೋದರು.

ಹದ್ದುಗಣ್ಣಯ್ಯನವರು ತಮ್ಮ ಚೀಲ ಎತ್ತಿಕೊಂಡು ಹೊರಟಿದ್ದರು. ಯಜಮಾನಿ ಅಡ್ಡ ಬಂದಳು. “ಎಲ್ಲಿಗೆ ಸಾರ್? ಚೆನ್ನಾಗಿದೆ ಅನ್ನೋರು ನಮ್ಮಲ್ಲಿ ಬೇಕಾದಷ್ಟು ಜನ ಇದ್ದಾರೆ. ಕಾಣದೇ ಇದ್ರೆ ಕಾಣಿಸ್ತಿಲ್ಲ ಅಂತ ಹೇಳೋಕೆ ಒಬ್ರು ಬೇಕು. ಇನ್ಮೇಲೆ ನಿಮ್ಮ ಕೆಲಸ ಅದು. ಧೈರ್ಯ ಇದೆಯಾ?”

“ಇಲ್ಲ,” ಎಂದರು ಹದ್ದುಗಣ್ಣಯ್ಯನವರು. “ಆದ್ರೂ ಬರ್ತೀನಿ.”

ದಾರಿಯಲ್ಲಿ ದರ್ಜಿಯ ಚೀಟಿಯ ವಿಷಯ ಕೇಳಿ ತಂಗಿ ಬಸ್ಸಿಗಿಂತ ಹೆಚ್ಚು ಸದ್ದು ಮಾಡಿದಳು. “ಮೂಲೆಯಲ್ಲಿರೋ ಪ್ರೆಸ್ಸಿನ ವಿಳಾಸ ದರ್ಜಿ ಬರ್ಕೊಟ್ಟಿದ್ನಾ? ಅವನಿಗೆ ಸೂಜಿ ಕಣ್ಣೇ ಕಾಣಲ್ಲ! ಅದನ್ನ ಓದಿದ್ದು ಯಾವ ಕಣ್ಣಿಂದ ಅಂತ ಯೋಚನೆ ಮಾಡ್ಲಿಲ್ವಾ? ದಡ್ಡ ಅಣ್ಣ!” ಎಂದಳು. ಹದ್ದುಗಣ್ಣಯ್ಯನವರು ನಡುರಸ್ತೆಯಲ್ಲಿ ನಿಂತುಬಿಟ್ಟರು. ಯಾರೋ ಓಡಿಬಂದು ತೋಳು ಹಿಡಿದು ಅವರನ್ನು ಆಚೆ ದಾಟಿಸಿದರು. ಈ ಸಲ ಅವರು ದಾಟಿಸಿದವರಿಗೆ ಕೈ ಮುಗಿದರು.

ಮನೆಗೆ ಬಂದು ಕೈಕಾಲು ತೊಳೆದು ಕಪಾಟಿನಿಂದ ಬಟ್ಟೆಯ ಗಂಟು ತೆಗೆದರು. ಕಿಟಕಿಯ ಬೆಳಕಿನಲ್ಲಿ ಕೂತರು. ಪ್ರಾರ್ಥನೆ ನಾಲಗೆಯ ತುದಿಗೆ ಬಂತು. ಅದನ್ನು ಅಲ್ಲೇ ತಡೆದರು. ಬಾಯಿ ಬಿಗಿಮುಚ್ಚಿ, ಹಳೆಯ ಕರಡಿನ ಹಾಳೆ ನೋಡುವಂತೆ, ಒಂದೊಂದು ಅಕ್ಷರದ ಮೇಲೂ ಪೆನ್ಸಿಲಿನ ತುದಿಯಿಟ್ಟು, ಮೊದಲ ಸಾಲಿನಿಂದ ಕಣ್ಣಿಂದಲೇ ಓದತೊಡಗಿದರು. ಸಾಸಿವೆ ಕಾಳುಗಳು ಒಂದೊಂದಾಗಿ ಸ್ಪಷ್ಟವಾಗಿ ಬಂದವು.

ಆರನೆಯ ಸಾಲು ಮುಗಿದ ಮೇಲೆ ಪೆನ್ಸಿಲು ನಿಂತಿತು. ಅಲ್ಲಿ, ಅವರ ಬಾಯಿಗೆ ಎಂದೂ ಬಾರದ ಒಂದು ಸಾಲಿತ್ತು. ‘ಕಾಣದ್ದಕ್ಕೆಲ್ಲ ಹೆದರುವ ನನ್ನನ್ನು ಕೈಹಿಡಿದು ನಡೆಸು.’

ಅದರ ಪಕ್ಕದ ಅಂಚಿನಲ್ಲಿ ಒಂದು ಹಂಸಪಾದ. ಬಿಟ್ಟುಹೋಗಿದೆ, ಸೇರಿಸಿ ಎಂದು ಅಚ್ಚುಕೂಟದವರು ಹಾಕುವ ಗುರುತು. ಮೂವತ್ತೆಂಟು ವರ್ಷ ಅವರು ಬೇರೆಯವರ ತಪ್ಪಿಗೆ ಹಾಕುತ್ತಿದ್ದ ಗುರುತು. ಹಂಸಪಾದದ ಕೆಳಗೆ, ಸಾಸಿವೆಗಿಂತಲೂ ಸಣ್ಣದಾಗಿ, ಆಕೆಯ ಕೈಬರಹ:

‘ಇವರು ದಿನಾ ಈ ಸಾಲು ಹಾರಿಸುತ್ತಾರೆ. ತಪ್ಪು ಹಿಡಿಯುವವರಿಗೆ ನಾನೇಕೆ ಹೇಳಲಿ? ಎಂದಾದರೂ ಓದಿದರೆ ತಾವೇ ನೋಡಿಕೊಳ್ಳಲಿ.’

ಹದ್ದುಗಣ್ಣಯ್ಯನವರು ಆ ಸಾಲನ್ನು ಮೊದಲಿಂದ ಇನ್ನೊಮ್ಮೆ ಓದಿದರು. ಆಮೇಲೆ ಅದೇ ಪೆನ್ಸಿಲಿನಿಂದ ಆಕೆಯ ಬರಹದ ಕೆಳಗೆ ‘ಓದಿದೆ’ ಎಂದು ಬರೆದರು. ‘ತಪ್ಪಿಲ್ಲ’ ಎಂದು ಬರೆಯಹೊರಟವರು, ತಡೆದು, ‘ತಪ್ಪು ನನ್ನದು’ ಎಂದು ಬರೆದು ಸಹಿ ಹಾಕಿದರು.